ಮೊಲ ವಾಪಸ್ ಬರುವುದರೊಳಗೆ

ಮನೆಯಿಂದ,
ತಾರೀಖು ಹದಿನಾಲ್ಕು, ಭಾನುವಾರ ಮಧ್ಯಾಹ್ನ

ಪ್ರೀತಿಯ ಮಗನೇ,

ಕ್ಷೇಮವಾಗಿದ್ದೀಯ ಎಂದುಕೊಂಡಿದ್ದೇನೆ. ಲಿಫ್ಟಿನ ಬಾಗಿಲಿಗೆ ಸಿಕ್ಕಿ ಜಜ್ಜಿದ ಬೆರಳು ಈಗ ಹೇಗಿದೆ? ಹೊಸ ಉಗುರು ಬರುವ ತನಕ ನೀರು ತಾಗಿಸಬೇಡ. ಹೋಟೆಲಿನ ಖಾರ ನಿನ್ನ ಹೊಟ್ಟೆಗೆ ಒಗ್ಗುವುದಿಲ್ಲ, ಒಂದು ಹೊತ್ತಾದರೂ ನೀನೇ ಬೇಯಿಸಿಕೊಂಡು ತಿನ್ನು. ನನ್ನ ಮಂಡಿ ಎಂದಿನಂತೆ ಮೆಟ್ಟಿಲು ಕಂಡರೆ ಮುನಿಸಿಕೊಳ್ಳುತ್ತದೆ. ಊರೂರಿಗೆ ಹೋಗಿ ಲಿಫ್ಟು ಕೂರಿಸುವ ಮಗನಿದ್ದೂ ನಾನು ಮೂರು ಮಹಡಿ ಹತ್ತಿಯೇ ಮನೆ ಸೇರುತ್ತೇನೆ. ನಿನ್ನ ಹೆಂಡತಿ ಔಷಧಿ ಅಂಗಡಿಯ ಎರಡನೇ ಪಾಳಿಗೆ ಹೋಗಿದ್ದಾಳೆ, ಮಗಳು ಗಿಣಿ ಮಲಗಿದ್ದಾಳೆ. ಕ್ಷೇಮಸಮಾಚಾರ ಇಲ್ಲಿಗೆ ಮುಗಿಯಿತು. ಇನ್ನು ಬೈಗುಳ.

ಫೋನಿನಲ್ಲೇ ಬೈಯಬಹುದಿತ್ತು. ಆದರೆ ನಾನು ಶುರು ಮಾಡಿದ ಕೂಡಲೇ "ಸಿಗ್ನಲ್ ಇಲ್ಲಮ್ಮ" ಎಂದು ಇಟ್ಟುಬಿಡುವವನು ನೀನು. ಕಾಗದಕ್ಕೆ ಸಿಗ್ನಲ್ ಬೇಕಿಲ್ಲ, ಪೂರ್ತಿ ಓದು. ಮೊನ್ನೆ ನೀನು ಹೇಳಿದ ಮಾತು ಇನ್ನೂ ಕಿವಿಯಲ್ಲಿದೆ: "ನಾವಿಬ್ರೂ ಬೇರೆಯಾಗೋದು ಖಂಡಿತ ಅಮ್ಮ. ಗಿಣಿ ಯಾರ ಜೊತೆ ಇರ್ತೀನಿ ಅಂತಾಳೋ ಅವರ ಜೊತೆ ಇರ್ಲಿ. ನೀನೇ ಒಂದ್ಸಲ ಮೆಲ್ಲಗೆ ಕೇಳಿ ತಿಳಿಸು." ಮೂರೂವರೆ ವರ್ಷದ ಮಗುವನ್ನು ಕೇಳಬೇಕಂತೆ. ನನಗೆ ಮೈಯೆಲ್ಲ ಉರಿಯಿತು. ಬಾಯಿ ಬಿಟ್ಟು ಒಂದು ಮಾತೂ ಆಡದ ನೀವಿಬ್ಬರೂ ಇದೊಂದಕ್ಕೆ ಮಾತ್ರ ಮೊಬೈಲಿನಲ್ಲಿ ಬೆರಳಾಡಿಸಿ ಒಪ್ಪಂದಕ್ಕೆ ಬಂದಿದ್ದೀರಿ. ಇಷ್ಟು ವರ್ಷದ ಸಂಸಾರದಲ್ಲಿ ಎತ್ತು ಏರಿಗೆ ಎಳೆದರೆ ಕೋಣ ನೀರಿಗೆ ಎಳೆಯಿತು. ಈ ದಡ್ಡತನಕ್ಕೆ ಮಾತ್ರ ಇಬ್ಬರೂ ಒಂದೇ ಕಡೆ ಎಳೆದಿದ್ದೀರಿ. ನಾನು ಕೇಳುವುದಿಲ್ಲ.

ಯಾಕೆ ಎಂದು ಹೇಳುತ್ತೇನೆ. ಬುಧವಾರ ಗಿಣಿಯ ಶಿಶುವಿಹಾರದ ಕೆಲವು ಮಕ್ಕಳನ್ನು ಕಾಲೇಜಿನ ಒಂದು ಕೋಣೆಗೆ ಕರೆಸಿದ್ದರು. ಇನ್ನೊಬ್ಬರ ಮನಸ್ಸಿನಲ್ಲಿ ಏನಿದೆ ಎಂದು ಊಹಿಸಲು ಮಕ್ಕಳು ಯಾವ ವಯಸ್ಸಿನಲ್ಲಿ ಕಲಿಯುತ್ತಾರೆ ಎಂಬುದನ್ನು ಅಲ್ಲಿನ ಮೇಡಂ ಒಬ್ಬರು ವರ್ಷಗಳಿಂದ ನೋಡುತ್ತಿದ್ದಾರಂತೆ. ಜೊತೆಗೆ ನಾನು ಹೋಗಿದ್ದೆ. ಮಕ್ಕಳ ಅಳತೆಯ ಕುರ್ಚಿ ಕೊಟ್ಟರು, ಕೂತವಳನ್ನು ಎಬ್ಬಿಸಲು ಇಬ್ಬರು ಬೇಕಾಯಿತು. ಮೇಜಿನ ಮೇಲೆ ಒಂದು ಕೆಂಪು ಡಬ್ಬಿ, ಒಂದು ನೀಲಿ ಡಬ್ಬಿ. ಬಟ್ಟೆಯ ಮೊಲವೊಂದು ಬಂದು ತನ್ನ ಚೆಂಡನ್ನು ಕೆಂಪು ಡಬ್ಬಿಯಲ್ಲಿಟ್ಟು ಪರದೆಯ ಹಿಂದೆ ಹೋಯಿತು. ಅದು ಇಲ್ಲದ ಹೊತ್ತಿನಲ್ಲಿ ಕಪ್ಪೆ ಬಂದು ಚೆಂಡನ್ನು ನೀಲಿ ಡಬ್ಬಿಗೆ ಹಾಕಿತು. ಮೊಲ ವಾಪಸ್ ಬಂದರೆ ಚೆಂಡನ್ನು ಎಲ್ಲಿ ಹುಡುಕುತ್ತದೆ ಎಂದು ಮೇಡಂ ಕೇಳಿದರು. ಈ ವಯಸ್ಸಿನ ಮಕ್ಕಳು ಹೆಚ್ಚಾಗಿ ನೀಲಿ ಎನ್ನುತ್ತಾರಂತೆ. ತಮಗೆ ಗೊತ್ತಿದ್ದದ್ದು ಮೊಲಕ್ಕೂ ಗೊತ್ತು ಎಂದುಕೊಳ್ಳುವ ವಯಸ್ಸು ಅದು. ನಾಲ್ಕು ದಾಟಿದ ಮೇಲೆ ಸರಿಯಾಗಿ ಹೇಳುತ್ತಾರಂತೆ. ಗಿಣಿ ಥಟ್ಟನೆ ಕೆಂಪು ಎಂದಳು. ಮೇಡಂ ಮುಖ ಅರಳಿತು. ನಿನ್ನ ಮಗಳು ಅಷ್ಟಕ್ಕೆ ನಿಲ್ಲಿಸಲಿಲ್ಲ. ಪರದೆಯ ಕಡೆ ಒಮ್ಮೆ ನೋಡಿ, ಚೆಂಡನ್ನು ನೀಲಿ ಡಬ್ಬಿಯಿಂದ ತೆಗೆದು ಕೆಂಪು ಡಬ್ಬಿಗೆ ಹಾಕಿ, ಮುಚ್ಚಳ ಒತ್ತಿ, "ಮೊಲಕ್ಕೆ ಹೇಳ್ಬೇಡಿ. ಗೊತ್ತಾದ್ರೆ ಕಪ್ಪೆ ಜೊತೆ ಮಾತು ಬಿಡತ್ತೆ" ಎಂದಳು. ಕೋಣೆಯಲ್ಲಿದ್ದವರೆಲ್ಲ ನಕ್ಕರು. ನನಗೆ ನಗು ಬರಲಿಲ್ಲ.

ಹೊರಡುವಾಗ ಮೇಡಂ ನನ್ನನ್ನು ಕೂರಿಸಿಕೊಂಡು ವಿವರಿಸಿದರು. ಎದುರಿಗಿರುವವನು ಏನನ್ನು ನೋಡಿದ್ದಾನೆ, ಏನನ್ನು ನೋಡಿಲ್ಲ ಎಂಬುದು ಚಿಂಪಾಂಜಿಗೂ ಸುಮಾರಾಗಿ ತಿಳಿಯುತ್ತದಂತೆ. ಬಲಶಾಲಿಯ ಕಣ್ಣು ತಪ್ಪಿಸಿ ಹಣ್ಣು ಹೊಡೆಯುತ್ತದಂತೆ. ಆದರೆ ಮನುಷ್ಯರ ಕೂಸು ಮಾತು ಬರುವ ಮೊದಲೇ ಬೆರಳು ತೋರಿಸುತ್ತದೆ, ತನಗೆ ಏನೂ ಬೇಕಾಗಿಲ್ಲದಿದ್ದರೂ, ಇನ್ನೊಬ್ಬರೂ ಜೊತೆಗೆ ನೋಡಲಿ ಎಂದಷ್ಟೇ. ಇದು ಎಲ್ಲಿಂದ ಬಂತು ಎಂಬುದಕ್ಕೆ ಒಂದು ವಾದವಿದೆಯಂತೆ. ಲಕ್ಷಾಂತರ ವರ್ಷಗಳ ಹಿಂದೆ ನಮ್ಮ ಕೂಸುಗಳನ್ನು ಹೆತ್ತವಳೊಬ್ಬಳೇ ಸಾಕಲು ಆಗುತ್ತಿರಲಿಲ್ಲ. ಅಜ್ಜಿ, ಚಿಕ್ಕಮ್ಮ, ಅಕ್ಕ, ಹೀಗೆ ಸಿಕ್ಕವರ ಮಡಿಲಲ್ಲಿ ಬೆಳೆಯಬೇಕಿತ್ತು. ಯಾರು ಎತ್ತಿಕೊಳ್ಳುತ್ತಾರೆ, ಯಾರು ಕೆಳಗಿಟ್ಟು ಹೋಗುತ್ತಾರೆ ಎಂದು ಮುಖ ನೋಡಿಯೇ ತಿಳಿದ ಕೂಸು ಬದುಕಿಕೊಂಡಿತು. ಅಂದರೆ ಮನಸ್ಸು ಓದುವ ವಿದ್ಯೆ ಹುಟ್ಟಿದ್ದು ಹೊಟ್ಟೆಪಾಡಿಗೆ. ಅಜ್ಜಿಯರು ಇಷ್ಟು ಕಾಲ ಬದುಕಿರುವುದೂ ಅದಕ್ಕೇ ಇರಬಹುದು ಎಂದರು. ನಾನು ಈ ಮನೆಯಲ್ಲಿ ದಂಡಕ್ಕೆ ಕೂತಿಲ್ಲ ಎಂಬುದು ನಿನಗೂ ಗೊತ್ತಿರಲಿ. ಕೊನೆಗೆ, "ಮಗು ತುಂಬ ಮುಂದಿದೆ, ಮನೇಲಿ ಏನು ಅಭ್ಯಾಸ ಮಾಡಿಸ್ತೀರಿ?" ಎಂದು ಕೇಳಿದರು. ನಾಚಿಕೆಯಿಂದ ತಲೆ ತಗ್ಗಿಸಿ, ಕಥೆ ಹೇಳ್ತೀವಿ ಎಂದೆ.

ಅಭ್ಯಾಸ ಮಾಡಿಸಿದವರು ನೀವಿಬ್ಬರು. ಹೆಂಡತಿಯನ್ನು ಒಂದು ಮಾತೂ ಕೇಳದೆ ನೀನು ದೂರದ ಊರಿನ ಕೆಲಸ ಒಪ್ಪಿಕೊಂಡು ಬಂದೆ. ಅವಳು ಮಾತು ಬಿಟ್ಟಳು, ನೀನೂ ಬಿಟ್ಟೆ. ನೀನು ಹೊರಡುವ ತನಕ ಮೂರು ತಿಂಗಳು ಒಂದೇ ಸೂರಿನಡಿ ಗಿಣಿಯ ಬಾಯಲ್ಲೇ ಸಂಸಾರ ಮಾಡಿದಿರಿ. ನಿಮ್ಮಮ್ಮಂಗೆ ಹೇಳು, ನಿಮ್ಮಪ್ಪಂಗೆ ಹೇಳು. ನಾನು ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಕೂದಲು ಹಣ್ಣಾಗುವ ತನಕ ದುಡಿದವಳು. ಎರಡು ತುದಿಯವರು ಏನೇ ಬೈದಾಡಿಕೊಳ್ಳಲಿ, ನಡುವೆ ಕೂತವಳು ಬಾಯಿ ಹಾಕುವಂತಿಲ್ಲ ಎಂಬುದು ಅಲ್ಲಿ ಮೊದಲ ದಿನದ ಪಾಠ. ಈ ಮಗುವಿಗೆ ಅದನ್ನು ಯಾರು ಹೇಳಿಕೊಟ್ಟಿದ್ದರು? ಬುಧವಾರ ಸಂಜೆ ನಿನ್ನ ಹೆಂಡತಿಯನ್ನು ಕೂರಿಸಿಕೊಂಡು ತಾಳೆ ನೋಡಿದೆ. ನಡುಮನೆಯಲ್ಲಿ ನಿನ್ನ ಪಕ್ಕ ಕೂತು ನಾನು ಕೇಳಿದ್ದೇ ಒಂದು, ಅಡುಗೆಮನೆಗೆ ತಲುಪಿದ್ದೇ ಇನ್ನೊಂದು. "ನಂಗೆ ಊಟ ಬೇಡ, ಅವಳೇ ತಿನ್ಲಿ ಅಂತ ಹೇಳು" ಎಂದಿದ್ದೆ ನೀನು. ಅಲ್ಲಿಗೆ ಹೋದದ್ದು, "ಅಪ್ಪಂಗೆ ತಲೆನೋವಂತೆ ಅಮ್ಮ." ಅವಳು ಮಾತ್ರೆ ಕಳಿಸಿದಳು. ಮಾತ್ರೆ ಕೈಯಲ್ಲಿ ಹಿಡಿದು ಪೆದ್ದನ ಹಾಗೆ ಕೂತಿದ್ದೆಯಲ್ಲ, ನೆನಪಿದೆಯೇ? ಅವಳು "ತಿಂದ್ರೆ ತಿನ್ಲಿ, ಬಿಟ್ರೆ ಬಿಡ್ಲಿ" ಎಂದಿದ್ದಳು. ನಿನ್ನ ಕಿವಿಗೆ ಬಿದ್ದದ್ದು, "ನೀನು ಬರೋ ತನಕ ಅಮ್ಮ ತಿನ್ನಲ್ವಂತೆ." ನೀನು ಎದ್ದು ಹೋಗಿ ತಿಂದೆ. ಮಗಳಿಗೆ ಗಿಣಿ ಎಂದು ಹೆಸರಿಟ್ಟವನು ನೀನು. ಗಿಣಿ ಹೇಳಿಕೊಟ್ಟದ್ದನ್ನೇ ಹೇಳುತ್ತದೆ. ಇವಳು ನೀವು ಕೊಟ್ಟದ್ದನ್ನು ನಡುಮನೆಯಿಂದ ಅಡುಗೆಮನೆಗೆ ಹೋಗುವಷ್ಟರಲ್ಲಿ ತಿದ್ದಿ ತಲುಪಿಸುತ್ತಿದ್ದಳು. ಇದನ್ನೆಲ್ಲ ಕೇಳಿ ನಿನ್ನ ಹೆಂಡತಿ ಅಡುಗೆಮನೆಯ ನೆಲದ ಮೇಲೆ ಕುಸಿದು ಕೂತಳು. ಪಾಪ ಎನ್ನಿಸಿತು. ಮರುದಿನ ಮತ್ತೆ, "ಗಿಣಿ ಹೇಗೆ ಹೇಳ್ತಾಳೋ ಹಾಗೇ ಆಗ್ಲಿ ಅತ್ತೆ" ಎಂದಳಲ್ಲ, ಆಗ ಆ ಪಾಪವೂ ಹೋಯಿತು.

ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎನ್ನುತ್ತಾರೆ. ನಮ್ಮ ಕೂಸು ಬಡವಾಗಿಲ್ಲ, ಜಾಣೆಯಾಗಿದ್ದಾಳೆ. ನನಗೆ ತಡೆಯಲಾಗದ ಸಿಟ್ಟು ಅದೇ. ಬಡವಾಗಿದ್ದರೆ ಯಾರ ಕಣ್ಣಿಗಾದರೂ ಬೀಳುತ್ತಿತ್ತು, ಜಾಣತನಕ್ಕೆ ಎಲ್ಲರೂ ಚಪ್ಪಾಳೆ ತಟ್ಟುತ್ತಾರೆ. ಯಾರ ಜೊತೆ ಇರ್ತೀಯ ಎಂದು ಕೇಳಿದರೆ ಅವಳು ತನಗೇನು ಬೇಕೆಂದು ಯೋಚಿಸುವುದಿಲ್ಲ, ಕೇಳಿದವರಿಗೇನು ಬೇಕೆಂದು ನೋಡುತ್ತಾಳೆ. ಆ ಉತ್ತರ ಹಿಡಿದುಕೊಂಡು ನೀವಿಬ್ಬರೂ ಮಗಳೇ ಹೇಳಿದಳು ಎಂದು ಕೈ ತೊಳೆದುಕೊಳ್ಳುತ್ತೀರಿ. ಅವಳು ಮಾತ್ರ ಅಪ್ಪ ಅಮ್ಮನ ನಡುವೆ ಒಬ್ಬರನ್ನು ಬಿಟ್ಟವಳು ತಾನೇ ಎಂದುಕೊಂಡು ಬೆಳೆಯುತ್ತಾಳೆ. ಬೇರೆಯಾಗುವುದಾದರೆ ಆಗಿ, ನಾನು ಕಾಲು ಹಿಡಿಯುವುದಿಲ್ಲ. ಆದರೆ ಮಗು ಎಲ್ಲಿರಬೇಕೆಂದು ಎದುರುಬದುರು ಕೂತು, ನಿಮ್ಮದೇ ಬಾಯಿಂದ ಮಾತಾಡಿ ನೀವೇ ತೀರ್ಮಾನಿಸಿ. ಅದರ ಕೆಟ್ಟ ಹೆಸರನ್ನೂ ನೀವೇ ಹೊತ್ತುಕೊಳ್ಳಿ. ಬರುವ ಶನಿವಾರ ಬಾ. ಗಿಣಿಯನ್ನು ನಾನು ಪಾರ್ಕಿಗೆ ಕರೆದುಕೊಂಡು ಹೋಗಿ, ನೀವು ಕೂಗಾಡಿ ಮುಗಿಸುವ ತನಕ ಉಯ್ಯಾಲೆ ತೂಗುತ್ತಿರುತ್ತೇನೆ.

ಆಶೀರ್ವಾದ ಮಾಡದೆ ಪತ್ರ ಮುಗಿಸಿದರೆ ನನಗೇ ನಿದ್ದೆ ಬರುವುದಿಲ್ಲ. ಅದಕ್ಕೆ ಅರ್ಧ ಕಳಿಸಿದ್ದೇನೆ. ಉಳಿದರ್ಧ ಬಂದು ತೆಗೆದುಕೋ.

ಇಂತಿ,
ಸಿಟ್ಟು ಇಳಿಯದ
ನಿನ್ನ ಅಮ್ಮ

ವಿ.ಸೂ.: ಲಕೋಟೆ ಅಂಟಿಸುವಷ್ಟರಲ್ಲಿ ಗಿಣಿ ಎದ್ದು ಬಂದಳು. ಯಾರಿಗೆ ಬರೀತಿದೀಯ ಎಂದಳು, ಅಪ್ಪನಿಗೆ ಎಂದೆ. ಬೇರೇನೂ ನಾನು ಕೇಳಲಿಲ್ಲ, ಆಣೆ ಮಾಡಿ ಹೇಳುತ್ತೇನೆ. ಅವಳೇ ಕಿವಿಯ ಹತ್ತಿರ ಬಂದು, "ಅಪ್ಪನ ಜೊತೆನೇ ಇರ್ತೀನಿ ಅಂತ ಬರಿ ಅಜ್ಜಿ" ಎಂದಳು. ಆಮೇಲೆ, "ಅಮ್ಮಂಗೆ ಹೇಳ್ಬೇಡ. ಅಮ್ಮಂಗೆ, ಅಮ್ಮನ ಜೊತೆನೇ ಇರ್ತೀನಿ ಅಂತ ಹೇಳಿದೀನಿ" ಎಂದಳು. ನಾನು ಕಾಗದ ಹೊರತೆಗೆದು ಮತ್ತೆ ಪೆನ್ನು ಹಿಡಿದೆ. ನನ್ನ ಮುಖವನ್ನೇ ನೋಡುತ್ತಾ ನಿಂತಿದ್ದವಳು ನನ್ನ ತೋಳು ಹಿಡಿದುಕೊಂಡು, "ಅಜ್ಜಿ, ನಿನ್ನ ಜೊತೆನೂ ಇರ್ತೀನಿ" ಎಂದಳು. ಶನಿವಾರದ ತನಕ ಕಾಯಬೇಡ. ಇದು ಕೈಗೆ ಸಿಕ್ಕ ದಿನವೇ ಹೊರಡು.