ಅಗ್ಲುಟಿನೇಷನ್ ಅಂದರೆ ಇಲ್ಲ ಅಂತಲ್ಲ

ಜೂನ್ ೧೧, ಬುಧವಾರ

ಬೆಳಿಗ್ಗೆಯಿಂದ ಆ ಪದವೇ ತಲೆ ತಿನ್ನುತ್ತಿದೆ. ನನ್ನ ವೀರ್ಯ ಪರೀಕ್ಷೆಯ ವರದಿಯಲ್ಲಿ ಅಗ್ಲುಟಿನೇಷನ್ ಅಂತ ಬರೆದಿತ್ತು. ವೀರ್ಯಾಣುಗಳೇ ಇಲ್ಲ ಅಂತ ತಿಳಿದು ಹಾಗೇ ಕೇಳಿಬಿಟ್ಟೆ. ಡಾಕ್ಟರಮ್ಮ ಹಾಗಲ್ಲ ಅಂತ ತಲೆಯಾಡಿಸಿದರು.

"ಬೇಕಾದಷ್ಟಿವೆ, ಚುರುಕಾಗೂ ಇವೆ. ಆದ್ರೆ ಒಂದಕ್ಕೊಂದು ಅಂಟ್ಕೊಂಡು ಮುಂದೆ ಹೋಗ್ತಿಲ್ಲ. ಕಸಕ್ಕೋ ಲೋಳೆಗೋ ಅಂಟಿದ್ರೆ ಈ ಪದ ಬಳಸಲ್ಲ. ಚಿಕಿತ್ಸೆ ಇದೆ, ನೋಡೋಣ."

ಬಸ್ಸಿನಲ್ಲಿ ಹೆಂಡತಿ ಕಿವಿಯಲ್ಲಿ ಹೇಳಿದಳು: "ಅತ್ತೆಗೆ ದೋಷ ನನ್ನದೇ ಅಂದುಬಿಡಿ. ಹೇಗೂ ಬೈಸಿಕೊಂಡು ಅಭ್ಯಾಸ ಆಗಿದೆ."

ನಗುತ್ತಲೇ ಹೇಳಿದಳು. ಖಂಡಿತ ಆಗಲ್ಲ ಅಂದೆ.

ಊಟಕ್ಕೆ ಕೂತಾಗ ಅಮ್ಮನಿಗೆ ನೇರವಾಗಿ ಹೇಳಿದೆ. ಏನೂ ಬಿಡದೆ ಹೇಳಿದೆ. ಅಮ್ಮ ತುತ್ತು ಕೈಯಲ್ಲೇ ಹಿಡಿದು ಕೇಳಿದಳು:

"ಅಂದ್ರೆ ಅವಳದ್ದೇನೂ ಇಲ್ವಾ?"

"ಇಲ್ಲಮ್ಮ. ತೊಂದರೆ ಇರೋದು ನನ್ನಲ್ಲಿ."

ಅಮ್ಮ ತಟ್ಟೆ ಸರಿಸಿ ಎದ್ದಳು. ಸಿಟ್ಟಾದಳು ಅಂದುಕೊಂಡೆ. ಸೊಸೆಯ ಕೈಯಿಂದ ಸೌಟು ಕಸಿದುಕೊಂಡು, "ನೀನು ಕೂತ್ಕೋ, ನಾನು ಬಡಿಸ್ತೀನಿ" ಅಂದಳು. ಇವಳು ನಿಂತಲ್ಲೇ ಅತ್ತುಬಿಟ್ಟಳು.

ಇನ್ನು ನೆಂಟರ ಸರದಿ. ಮಕ್ಕಳ ವಿಷಯ ಯಾರೇ ಕೇಳಲಿ, ಇವಳು ಬಾಯಿ ತೆರೆಯುವ ಮುಂಚೆ ನಾನೇ ಉತ್ತರ ಕೊಡುತ್ತೇನೆ, ಇದೇ ಪದ ಹೇಳಿ. ಮೊದಲು ಚಿಕ್ಕಮ್ಮನಿಗೆ, ಆಮೇಲೆ... ಕಣ್ಣು ಎಳೆಯುತ್ತಿದೆ.