ನೇರ ಮನೆಗೆ

ಮನಿಲಾ,
ಸೋಮವಾರ

ಅಮ್ಮಾ,

ಗೆದ್ದೆ! ಒಂದಲ್ಲ, ಎರಡು ಪ್ರಶಸ್ತಿ. ಛಾಯಾಗ್ರಹಣಕ್ಕೊಂದು, ನಟನೆಗೊಂದು. "ಊರವರ ಮುಖಕ್ಕೆಲ್ಲ ಬೆಳಕು ಹಿಡೀತೀಯಲ್ಲೋ, ನಿನ್ನ ಮುಖ ಯಾವಾಗ ಕಾಣ್ಸೋದು?" ಎಂದು ಇಷ್ಟು ವರ್ಷ ಹಂಗಿಸಿದೆಯಲ್ಲ, ಈಗ ನೋಡು.

ಚಿತ್ರದಲ್ಲಿ ನಾನು ಹೆಂಡತಿಯನ್ನು ಮಣ್ಣು ಮಾಡಿ ಬರುವ, ಜೀಪ್ನಿ ಅನ್ನೋ ನಮ್ಮ ಪುಟ್ಟ ಬಸ್ಸಿನ ಚಾಲಕ. ಎಲ್ಲರಂತೆ ಅವನೂ ದಾರಿಯಲ್ಲಿ ಗಂಜಿ ಅಂಗಡಿಗೆ ಹೋಗಿ ಕೂರಬೇಕೆಂದು ನಿರ್ದೇಶಕಿ ಲುಸಿಂಡಾ ಬರೆದಿದ್ದಳು. ನಾನೇ ಬೆಳಕು ಜೋಡಿಸಿ, ಕ್ಯಾಮೆರಾವನ್ನು ಸಹಾಯಕನಿಗೊಪ್ಪಿಸಿ ನಡೆಯತೊಡಗಿದೆ. ಅಂಗಡಿಯ ಮುಂದೆ ನಿನ್ನ ನೆನಪಾಯಿತು.

ಅಪ್ಪನನ್ನು ಮಣ್ಣು ಮಾಡಿದ ದಿನ ಪಕ್ಕದ ಮನೆಯ ಚೊಲೆಂಗ್ ಅತ್ತೆ ನಿನ್ನ ತೋಳು ಹಿಡಿದು, "ಯಾರಾದ್ರೂ ನೇರ ಮನೆಗೆ ಹೋಗ್ತಾರೇನೇ? ಎಲ್ಲಾದ್ರೂ ಕೂತು ಹೋಗು. ಇಲ್ಲಾಂದ್ರೆ ಸತ್ತೋರು ಹಿಂದೇನೇ ಬರ್ತಾರೆ!" ಎಂದಿದ್ದಳು. ನೀನು ತೋಳು ಬಿಡಿಸಿಕೊಂಡು, "ಬರ್ಲಿ ಬಿಡೇ, ಅದಕ್ಕೇ ನೇರ ಹೋಗ್ತಿರೋದು" ಎಂದೆ.

ನಾನೂ ಅಂಗಡಿ ದಾಟಿ ನೇರ ಮನೆಗೆ, ಅಂದರೆ ಚಿತ್ರದಲ್ಲಿನ ಚಾಲಕನ ಮನೆಗೆ, ಹೋದೆ. ಬಾಗಿಲು ತೆರೆದಿಟ್ಟು ಕುಳಿತೆ. "ಅಯ್ಯೋ, ಇವನಿಗೇನು ತಲೆ ಕೆಟ್ಟಿದೆಯಾ?" ಎಂದು ಲೈಟಿನವನೊಬ್ಬ ಶಿಲುಬೆ ಗುರುತು ಹಾಕಿಕೊಂಡ. ಆಮೇಲೆ ತೆರೆದ ಬಾಗಿಲನ್ನು ನೋಡಿ ಅವನೇ ಕಣ್ಣೊರೆಸಿಕೊಂಡ. ಲುಸಿಂಡಾ ಅದನ್ನೇ ಉಳಿಸಿಕೊಂಡಳು.

ಶನಿವಾರ ನಮ್ಮೂರ ಬಾಸ್ಕೆಟ್‌ಬಾಲ್ ಅಂಗಳದಲ್ಲಿ ಪರದೆ ಕಟ್ಟಿ ಚಿತ್ರ ತೋರಿಸುತ್ತಾರಂತೆ. ಬೀಸಣಿಗೆ ಮರೆಯಬೇಡ. ಚೊಲೆಂಗ್ ಅತ್ತೆಯನ್ನು ಮುಂದಿನ ಸಾಲಿನಲ್ಲೇ ಕೂರಿಸು. ನಿನ್ನ ಪಕ್ಕದ ಕುರ್ಚಿಯಲ್ಲಿ ಮಾತ್ರ ಯಾರನ್ನೂ ಕೂರಲು ಬಿಡಬೇಡ. ಕೇಳಿದರೆ, "ನಮ್ಮ ಯಜಮಾನ್ರು ಕೂತಿದಾರೆ" ಅನ್ನು.

ನಿನ್ನ ಮಗ,
ಅರ್ಸೆನಿಯೊ