ನಜ್ಜರೇನೊನ ಸ್ವಂತ ದನಿ

೧೪ ನವೆಂಬರ್ ೧೯೭೧, ಭಾನುವಾರ, ರೋಮ್

ಬೆಳಗ್ಗೆ ಚರ್ಚಿನ ಬಲಿಪೂಜೆಯಲ್ಲೂ ಅದೇ ಚಿಂತೆ: ಈ ಸಲವಾದರೂ ಇವರ ದನಿ ಉಳಿಸಿರುತ್ತಾರೋ ಇಲ್ಲವೋ. ಕುದುರೆ, ಪಿಸ್ತೂಲಿನ ಚಿತ್ರಗಳಲ್ಲಿ ನನ್ನ ಗಂಡ ನಜ್ಜರೇನೊ ಡಕಾಯಿತನಾಗಿ ಸತ್ತದ್ದೇ ಸತ್ತದ್ದು. ಮುಖ ಇವರದು, ಮಾತು ಮಾತ್ರ ಆಮೇಲೆ ಸ್ಟುಡಿಯೋದಲ್ಲಿ ಬೇರೆಯವರು ಹೇಳುವುದು. ಇವರದು ಹಳ್ಳಿಯ ಉಚ್ಚಾರವಂತೆ, ಜನ ನಗುತ್ತಾರಂತೆ. ಈ ಚಿತ್ರಕ್ಕೆ ಹಟ ಹಿಡಿದು ತಾವೇ ಮಾತು ಕೊಟ್ಟು ಬಂದಿದ್ದರು. ನಿರ್ಮಾಪಕ ಕೊನೆಗೆ ಯಾರ ದನಿ ಇಟ್ಟನೆಂದು ಮಾತ್ರ ತಿಳಿದಿರಲಿಲ್ಲ.

ಮಧ್ಯಾಹ್ನ ಚಿತ್ರಮಂದಿರದಲ್ಲಿ ಪಕ್ಕದ ಮನೆಯ ಸೆತ್ತೀಮಿಯಾ, "ಏನ್ರೀ ನಜ್ಜರೇನೊ, ಇವತ್ತು ಇಂಟರ್ವಲ್ ತನಕ ಆದ್ರೂ ಬದುಕಿರ್ತೀರಾ?" ಎಂದು ಕೆಣಕಿದಳು. ನಾನು ಜಪಮಾಲೆ ಬಿಗಿಯಾಗಿ ಹಿಡಿದುಕೊಂಡೆ.

ಪರದೆಯ ಮೇಲೆ ಇವರು ಬಾಯಿ ತೆರೆದರು. ನಮ್ಮ ಬೆಟ್ಟದೂರಿನ ಒರಟು ದನಿ! ಮೇಕೆ ಕರೆಯುವ ಅದೇ ದನಿ! ಒಬ್ಬರೂ ನಗಲಿಲ್ಲ. ಗುಂಡು ತಿಂದು ಬಿದ್ದವರು, "ನನ್ನ ಕುದುರೆಗೆ ನೀರು ಕುಡಿಸ್ರೋ" ಎಂದು ಕಣ್ಣು ಮುಚ್ಚಿದಾಗ ಸೆತ್ತೀಮಿಯಾ ಗೊಳೋ ಎಂದು ಅತ್ತಳು. "ಅಯ್ಯೋ ಪಾಪಿಗಳಾ, ಯಾಕ್ರೋ ಕೊಂದ್ರಿ ಇವ್ರನ್ನ!"

"ಇಲ್ಲೇ ಕೂತಿದೀನಲ್ಲ ತಾಯಿ, ಸುಮ್ನಿರಿ" ಎಂದು ಇವರೇ ಸಮಾಧಾನ ಹೇಳಬೇಕಾಯಿತು. ಜನವೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿತು.

ಮಾತೆ ಮರಿಯಮ್ಮ, ನಿನ್ನ ಕರುಣೆ ದೊಡ್ಡದು. ಇವರೀಗ ಗೊರಕೆ ಹೊಡೆಯುತ್ತಿದ್ದಾರೆ. ಹೊಡೆಯಲಿ. ಇವತ್ತು ಅದೂ ಕಿವಿಗೆ ಎಷ್ಟು ಹಿತವಾಗಿದೆ!